ಮೂತ್ರನಾಳಕ್ಕೆ ತಡೆ ಬಿದ್ದಾಗ

ಕೊಡಚಾದ್ರಿಯ ಮಗ್ಗುಲಲ್ಲಿ ಹುಟ್ಟಿ ಕೊಲ್ಲೂರಿನ ಬಳಿ ಹರಿದು ಬರುವ ಸೌಪರ್ಣಿಕೆಯ ನೀರಿನಲ್ಲಿ ಅರುವತ್ತನಾಲ್ಕು ಮೂಲಿಕೆಗಳ ಸಾರ ಬೆರೆತಿದೆ, ಅದರಲ್ಲಿ ಮಿಂದವರ ರೋಗ ಕಳೆಯುತ್ತದೆ ಎಂಬುದು ಆ ಸೀಮೆಯ ನಂಬಿಕೆ. ಆ ನಂಬಿಕೆಯನ್ನು ತೂಗಿ ನೋಡುವುದು ಈ ಹೊತ್ತಿನ ನನ್ನ ಕೆಲಸವಲ್ಲ. ಆ ನದಿಯ ನಡೆಯನ್ನು ಮಾತ್ರ ಸ್ವಲ್ಪ ಸಾಲ ತೆಗೆದುಕೊಳ್ಳುತ್ತೇನೆ. ಬೆಟ್ಟದಿಂದ ಇಳಿದ ಸೌಪರ್ಣಿಕೆ ಮರವಂತೆಯಲ್ಲಿ ಕಡಲಿಗೆ ಕೂಗಳತೆಯಷ್ಟು ಹತ್ತಿರ ಬಂದರೂ ಕಡಲನ್ನು ಸೇರದೆ ತೆಂಕಕ್ಕೆ ತಿರುಗಿ, ಗಂಗೊಳ್ಳಿಯಲ್ಲಿ ಬೇರೆ ಹೊಳೆಗಳೊಡನೆ ಕೂಡಿ, ಅಳಿವೆಯ ಮೂಲಕ ಸಮುದ್ರಕ್ಕೆ ಬೀಳುತ್ತದೆ. ಅಳಿವೆಯಲ್ಲಿ ಮರಳು ಕಟ್ಟಿದರೆ ಏನಾಗುತ್ತದೆಂದು ಕರಾವಳಿಯವರಿಗೆ ಹೇಳಬೇಕಾಗಿಲ್ಲ. ಮೇಲಿನಿಂದ ಬರುವ ನೀರು ಬರುತ್ತಲೇ ಇರುತ್ತದೆ. ಹೋಗಲು ದಾರಿ ಕಾಣದೆ ಹಿಮ್ಮೆಟ್ಟುತ್ತದೆ. ಬೈಲಿನ ಗದ್ದೆಗಳಲ್ಲಿ ನಿಂತು ಪೈರನ್ನು ಕೊಳೆಯಿಸುತ್ತದೆ. ತೊಂದರೆ ಹುಟ್ಟಿದ್ದು ಅಳಿವೆಯಲ್ಲಾದರೂ ನಷ್ಟ ಅನುಭವಿಸುವುದು ಮೇಲಿನ ಗದ್ದೆ. ಮೂತ್ರನಾಳಕ್ಕೆ ಬೀಳುವ ತಡೆಯೂ ಇದೇ ಬಗೆಯದು.

ಬೆನ್ನೆಲುಬಿನ ಎಡಬಲಗಳಲ್ಲಿ ಒಂದೊಂದರಂತೆ ನಮಗೆ ಎರಡು ಮೂತ್ರಪಿಂಡಗಳುಂಟು. ಇವು ರಕ್ತವನ್ನು ಸೋಸಿ ದಿನಕ್ಕೆ ಸುಮಾರು ಒಂದೂವರೆ ಲೀಟರು ಮೂತ್ರವನ್ನು ತಯಾರಿಸುತ್ತವೆ. ಪ್ರತಿಯೊಂದು ಪಿಂಡದಿಂದಲೂ ಒಂದು ಸಣ್ಣ ಕೊಳವೆ ಹೊರಟು ಕಿಬ್ಬೊಟ್ಟೆಯಲ್ಲಿರುವ ಮೂತ್ರಾಶಯವನ್ನು ಸೇರುತ್ತದೆ. ಇದೇ ಮೂತ್ರನಾಳ. ಉದ್ದ 25ರಿಂದ 30 ಸೆಂಟಿಮೀಟರು. ಒಳಗಿನ ಅಗಲ ಮೂರು ನಾಲ್ಕು ಮಿಲಿಮೀಟರು ಮಾತ್ರ. ಇದನ್ನು ಬರಿಯ ಕೊಳವೆಯೆಂದು ತಿಳಿಯಬಾರದು. ಇದರ ಗೋಡೆಯಲ್ಲಿ ಸ್ನಾಯುಗಳಿವೆ. ಅವು ಅಲೆಯಲೆಯಾಗಿ ಹಿಂಡುತ್ತ ಮೂತ್ರವನ್ನು ಕೆಳಕ್ಕೆ ದೂಡುತ್ತವೆ. ನಾವು ಮಲಗಿದ್ದಾಗಲೂ ಈ ಕೆಲಸ ನಡೆದೇ ಇರುತ್ತದೆ. ಈ ನಾಳ ಮೂರು ಕಡೆಗಳಲ್ಲಿ ಇನ್ನಷ್ಟು ಕಿರಿದಾಗಿದೆ: ಪಿಂಡದಿಂದ ಹೊರಡುವಲ್ಲಿ, ಸೊಂಟದ ದೊಡ್ಡ ರಕ್ತನಾಳಗಳನ್ನು ದಾಟುವಲ್ಲಿ, ಮೂತ್ರಾಶಯದ ಗೋಡೆಯನ್ನು ಹೊಗುವಲ್ಲಿ. ಮೇಲಿನಿಂದ ಜಾರಿದ ಕಲ್ಲು ಸಾಮಾನ್ಯವಾಗಿ ಸಿಕ್ಕಿಬೀಳುವುದು ಈ ಮೂರರಲ್ಲೊಂದು ಕಡೆ.

ಇಲ್ಲಿ ಒಂದು ತಪ್ಪು ತಿಳಿವಳಿಕೆಯನ್ನು ಬಿಡಿಸಬೇಕು. ‘ಮೂತ್ರ ಕಟ್ಟಿದೆ’ ಎಂದು ಜನ ಹೇಳುವುದು ಮೂತ್ರಾಶಯ ತುಂಬಿ, ಹೊರಕ್ಕೆ ಹೋಗದೆ ಒದ್ದಾಡುವ ಸ್ಥಿತಿಯನ್ನು. ಮೂತ್ರನಾಳದ ತಡೆ ಅದಕ್ಕಿಂತ ಮೇಲಿನ ಮಾತು. ಒಂದು ಕಡೆಯ ನಾಳ ಪೂರ್ತಿ ಮುಚ್ಚಿದರೂ ಇನ್ನೊಂದು ಕಡೆಯ ಪಿಂಡ ತನ್ನ ಕೆಲಸವನ್ನು ಮಾಡುತ್ತಿರುತ್ತದೆ. ಆದಕಾರಣ ರೋಗಿಗೆ ಮೂತ್ರ ಎಂದಿನಂತೆಯೇ ಹೋಗುತ್ತದೆ. ‘ಮೂತ್ರ ಸರಿಯಾಗಿಯೇ ಹೋಗುತ್ತಿದೆಯಲ್ಲ ಡಾಕ್ಟ್ರೇ’ ಎಂದು ಅವನು ಸಮಾಧಾನಪಟ್ಟುಕೊಂಡಿರುವಾಗಲೇ ಮೇಲೆ ಒಂದು ಪಿಂಡ ಮೂತ್ರದ ಒತ್ತಡದಿಂದ ಉಬ್ಬಿ ತೆಳುವಾಗುತ್ತಿರಬಹುದು. ಪೂರ್ತಿ ತಡೆ ಒಂದೆರಡು ವಾರದೊಳಗೆ ತೆರವಾದರೆ ಪಿಂಡ ಬಹುಮಟ್ಟಿಗೆ ಚೇತರಿಸಿಕೊಳ್ಳುತ್ತದೆ. ತಿಂಗಳುಗಟ್ಟಲೆ ಬಿಟ್ಟರೆ ಹೋದ ಶಕ್ತಿ ಮರಳಿ ಬರುವುದಿಲ್ಲ.

ತಡೆಗೆ ಕಾರಣಗಳು ಹಲವು. ಅವುಗಳಲ್ಲಿ ದೊಡ್ಡ ಪಾಲು ಕಲ್ಲಿನದು. ಮೂತ್ರದಲ್ಲಿ ಕರಗಿರುವ ಲವಣಗಳು, ನೀರು ಕಡಮೆಯಾದಾಗ ಹರಳುಗಟ್ಟುತ್ತವೆ. ಸುಣ್ಣದ ಅಂಶವೂ ಆಕ್ಸಲೇಟೂ ಕೂಡಿದ ಕಲ್ಲುಗಳೇ ಹೆಚ್ಚು. ಕರಾವಳಿಯ ಸೆಕೆಯಲ್ಲಿ ನಮ್ಮ ಮೈಯ ನೀರು ಬೆವರಾಗಿ ಹೋಗುತ್ತದೆ. ಮುರಕಲ್ಲಿನ ಕೋರೆಯಲ್ಲಿ ದುಡಿಯುವವನು, ಗಂಗೊಳ್ಳಿಯಿಂದ ಬೋಟಿನಲ್ಲಿ ಹೋಗಿ ದಿನಗಟ್ಟಲೆ ಕಡಲ ಮೇಲೆ ಇರುವ ಮೀನುಗಾರ, ಹೋಟೆಲಿನ ಒಲೆಯ ಮುಂದೆ ನಿಂತ ಅಡಿಗೆಯವನು, ಇವರೆಲ್ಲ ಬೆವರಿದಷ್ಟು ನೀರನ್ನು ಮತ್ತೆ ಕುಡಿಯುವುದಿಲ್ಲ. ಕೊಲ್ಲೂರಿಗೆ ದೂರದಿಂದ ರಾತ್ರಿಯ ಬಸ್ಸಿನಲ್ಲಿ ಬರುವ ಯಾತ್ರಿಕರದು ಇನ್ನೊಂದು ಬಗೆ. ದಾರಿಯಲ್ಲಿ ಇಳಿಯಲು ಅನುಕೂಲವಿರುವುದಿಲ್ಲವೆಂದು, ಮುಖ್ಯವಾಗಿ ಹೆಂಗಸರು, ಹೊರಡುವ ಮುಂಚಿನಿಂದಲೇ ನೀರನ್ನು ಬಿಟ್ಟಿರುತ್ತಾರೆ. ಅವರನ್ನು ದೂರಿ ಫಲವಿಲ್ಲ. ಬಸ್ಸು ನಿಲ್ಲುವ ಕಡೆಯಲ್ಲೆಲ್ಲ ಶುಚಿಯಾದ ಶೌಚಾಲಯವಿದ್ದರೆ ವೈದ್ಯರಿಗೆ ಅಷ್ಟು ಕೆಲಸ ಕಡಮೆಯಾದೀತು.

ಕಲ್ಲು ನಾಳಕ್ಕೆ ಇಳಿದಾಗ ಬರುವ ಶೂಲೆಯನ್ನು ಒಮ್ಮೆ ಅನುಭವಿಸಿದವರು ಮರೆಯುವುದಿಲ್ಲ. ನೋವು ಪಕ್ಕೆಯ ಹಿಂಭಾಗದಲ್ಲಿ ಹುಟ್ಟಿ, ಸುತ್ತಿಕೊಂಡು ಮುಂದಕ್ಕೆ ಬಂದು, ತೊಡೆಯ ಸಂದಿಯವರೆಗೆ ಇಳಿಯುತ್ತದೆ. ಗಂಡಸರಲ್ಲಿ ವೃಷಣದವರೆಗೂ ಹೋಗುವುದುಂಟು. ಅಲೆಯಂತೆ ಏರಿ ಇಳಿದು ಮತ್ತೆ ಏರುತ್ತದೆ. ವಾಂತಿ ಬರುತ್ತದೆ, ಮೂತ್ರದಲ್ಲಿ ರಕ್ತ ಕಾಣಿಸಬಹುದು. ಅಪೆಂಡಿಕ್ಸಿನ ಉರಿಯೂತವಾದವನು ಅಲುಗಿದರೆ ನೋಯುತ್ತದೆಂದು ಮಿಸುಕದೆ ಮಲಗಿರುತ್ತಾನೆ. ಕಲ್ಲಿನ ಶೂಲೆಯವನು ಕುಳಿತಲ್ಲಿ ಕುಳಿತಿರಲಾರ, ಮಲಗಿದಲ್ಲಿ ಮಲಗಿರಲಾರ. ಕೋಣೆಯ ತುಂಬ ಹೊರಳಾಡುತ್ತಾನೆ. ಮನೆಯವರು ಇದನ್ನು ವಾಯು ಎಂದೋ ಉಷ್ಣವೆಂದೋ ಸೊಂಟ ಹಿಡಿದಿದೆಯೆಂದೋ ಎಣಿಸಿ ಎಣ್ಣೆ ತಿಕ್ಕುವುದುಂಟು.

ಇನ್ನು ಬಹು ಮುಖ್ಯವಾದ ಮಾತು. ಈ ನೋವು ತಾನಾಗಿಯೇ ನಿಂತುಹೋಗಬಹುದು. ಕಲ್ಲು ಕೆಳಗೆ ಇಳಿದು ಹೋದುದರಿಂದ ನಿಂತಿರಬಹುದು. ಅಥವಾ ಕಲ್ಲು ಅಲ್ಲಿಯೇ ಕುಳಿತಿದ್ದು, ಸೋತ ಪಿಂಡ ಮೂತ್ರ ತಯಾರಿಸುವುದನ್ನೇ ಕಡಮೆ ಮಾಡಿದುದರಿಂದಲೂ ನಿಂತಿರಬಹುದು. ಈ ಎರಡರಲ್ಲಿ ಯಾವುದೆಂದು ರೋಗಿಗೆ ತಿಳಿಯುವ ಬಗೆಯಿಲ್ಲ, ವೈದ್ಯನಿಗೂ ಬರಿಗಣ್ಣಿಗೆ ತಿಳಿಯದು. ಆದ್ದರಿಂದ ನೋವು ಹೋದ ಮೇಲೂ ಪರೀಕ್ಷೆ ಅಗತ್ಯ.

ಕಲ್ಲಲ್ಲದ ಕಾರಣಗಳನ್ನೂ ಹೇಳಬೇಕು. ಕೆಲವು ಮಕ್ಕಳಲ್ಲಿ ಪಿಂಡವೂ ನಾಳವೂ ಕೂಡುವ ಜಾಗ ಹುಟ್ಟಿನಿಂದಲೇ ಕಿರಿದಾಗಿರುತ್ತದೆ. ಈಗ ತಾಯಿಯ ಬಸಿರಿನಲ್ಲಿದ್ದಾಗಲೇ ಸ್ಕ್ಯಾನಿನಲ್ಲಿ ಪಿಂಡದ ಊತ ಕಾಣಿಸಿಬಿಡುತ್ತದೆ. ಅಂಥ ಎಲ್ಲ ಶಿಶುಗಳಿಗೂ ಶಸ್ತ್ರಚಿಕಿತ್ಸೆ ಬೇಕಾಗುವುದಿಲ್ಲ; ಆದರೆ ಹುಟ್ಟಿದ ಮೇಲೆ ಮತ್ತೆ ಮತ್ತೆ ನೋಡಿಸುತ್ತಿರಲೇಬೇಕು. ಮೂತ್ರಾಂಗಗಳಿಗೆ ತಗಲಿದ ಕ್ಷಯ ಮಾಯುವಾಗ ನಾಳದಲ್ಲಿ ಗಾಯದ ಕಲೆ ಉಳಿದು ಅದು ಮುದುರಿಕೊಳ್ಳುವುದುಂಟು. ನಮ್ಮ ದೇಶದಲ್ಲಿ ಇದನ್ನು ಮರೆಯುವಂತಿಲ್ಲ. ವಯಸ್ಸಾದ ಗಂಡಸರಲ್ಲಿ ಪ್ರಾಸ್ಟೇಟ್ ಗ್ರಂಥಿ ದೊಡ್ಡದಾಗಿ, ಮೂತ್ರಾಶಯ ಬರಿದಾಗದೆ, ಒತ್ತಡ ಎರಡು ನಾಳಗಳಿಗೂ ಏರುತ್ತದೆ. ಹೆಂಗಸರಲ್ಲಿ ಗರ್ಭಕೋಶದ ಕೊರಳಿನ ಕ್ಯಾನ್ಸರು ಪಕ್ಕಕ್ಕೆ ಹಬ್ಬಿದರೆ ಅಲ್ಲಿಯೇ ಹಾಯುವ ನಾಳಗಳನ್ನು ಒತ್ತುತ್ತದೆ. ಗರ್ಭಕೋಶವನ್ನು ತೆಗೆಯುವ ಶಸ್ತ್ರಚಿಕಿತ್ಸೆಯಲ್ಲಿಯೂ ಅಪರೂಪಕ್ಕೆ ನಾಳಕ್ಕೆ ಪೆಟ್ಟಾಗುವುದುಂಟು. ಅಂಥ ಶಸ್ತ್ರಚಿಕಿತ್ಸೆಯಾದ ಕೆಲವು ದಿನಗಳಲ್ಲಿ ಪಕ್ಕೆ ನೋವು, ಜ್ವರ ಬಂದರೆ ಸಂಕೋಚಪಡದೆ ಹೇಳತಕ್ಕದ್ದು. ಬಸುರಿಯರಲ್ಲಿ ನಾಳ ಸ್ವಲ್ಪ ಹಿಗ್ಗುವುದು, ಅದರಲ್ಲೂ ಬಲಗಡೆ, ಸಹಜವೇ. ಅದನ್ನು ಕಂಡು ಗಾಬರಿಪಡಬೇಕಾಗಿಲ್ಲ.

ಪರೀಕ್ಷೆಯ ವಿಚಾರಕ್ಕೆ ಬರೋಣ. 1895ರಲ್ಲಿ ರಾಂಟ್‌ಜನ್ ಕ್ಷಕಿರಣವನ್ನು ಕಂಡುಹಿಡಿದ ಮೇಲೆ ಕಲ್ಲನ್ನು ಚಿತ್ರದಲ್ಲಿ ಕಾಣುವುದು ಸಾಧ್ಯವಾಯಿತು. ಆದರೆ ಎಲ್ಲ ಕಲ್ಲುಗಳೂ ಅದರಲ್ಲಿ ಕಾಣವು, ನಾಳವಂತೂ ಕಾಣದು. 1929ರಲ್ಲಿ ಬರ್ಲಿನ್ನಿನಲ್ಲಿ ಕೆಲಸ ಮಾಡುತ್ತಿದ್ದ ಮೋಸಸ್ ಸ್ವಿಕ್ ಎಂಬ ಅಮೆರಿಕದ ಯುವಕ, ರಕ್ತನಾಳಕ್ಕೆ ಚುಚ್ಚಿದರೆ ಮೂತ್ರದಲ್ಲಿ ಹೊರಬಂದು ಇಡೀ ದಾರಿಯನ್ನೇ ಚಿತ್ರದಲ್ಲಿ ಬೆಳಗಿಸುವ ಅಯೋಡಿನ್ ಔಷಧವನ್ನು ಬಳಕೆಗೆ ತಂದ. ಮುಂದೆ ಎಷ್ಟೋ ವರ್ಷ ಅದೇ ನಮ್ಮ ಕಣ್ಣಾಗಿತ್ತು. ಈಗ ಮೊದಲು ಮಾಡುವುದು ಅಲ್ಟ್ರಾಸೌಂಡ್. ಅದರಲ್ಲಿ ಕಿರಣಗಳ ಭಯವಿಲ್ಲ. ಬಸುರಿಯರಿಗೂ ಮಕ್ಕಳಿಗೂ ಮಾಡಬಹುದು. ಪಿಂಡ ಉಬ್ಬಿದೆಯೇ ಎಂಬುದನ್ನು ಅದು ಚೆನ್ನಾಗಿ ತೋರಿಸುತ್ತದೆ, ನಾಳದ ನಡುಭಾಗದ ಕಲ್ಲನ್ನು ಮಾತ್ರ ಕೆಲವೊಮ್ಮೆ ತಪ್ಪಿಸಿಬಿಡುತ್ತದೆ. ಸಂದೇಹ ಉಳಿದರೆ ಸಿ.ಟಿ. ಸ್ಕ್ಯಾನ್, ಕಲ್ಲು ಎಲ್ಲಿದೆ, ಎಷ್ಟು ದೊಡ್ಡದು ಎಂಬುದು ಖಚಿತವಾಗುತ್ತದೆ. ರಕ್ತದಲ್ಲಿ ಕ್ರಿಯಾಟಿನಿನ್ ಅಳೆಯುತ್ತಾರೆ. ಇದು ಸರಿಯಾಗಿದೆಯೆಂದು ಚೀಟಿ ಬಂದರೆ ಜನ ನಿಶ್ಚಿಂತರಾಗುತ್ತಾರೆ. ಒಂದು ಪಿಂಡ ಗಟ್ಟಿಯಾಗಿದ್ದರೆ ಇನ್ನೊಂದು ಕೆಡುತ್ತಿದ್ದರೂ ಈ ಅಂಕಿ ಸರಿಯಾಗಿಯೇ ಇರಬಹುದು. ಯಾವ ಪಿಂಡ ಎಷ್ಟು ಪಾಲು ಕೆಲಸ ಮಾಡುತ್ತಿದೆ ಎಂದು ತಿಳಿಯಲು ಐಸೊಟೋಪು ಬಳಸಿ ಮಾಡುವ ಬೇರೊಂದು ಸ್ಕ್ಯಾನ್ ಉಂಟು.

ತಡವಿಲ್ಲದೆ ಆಸ್ಪತ್ರೆಗೆ ಓಡಬೇಕಾದ ಸಂದರ್ಭಗಳಿವೆ. ಪಕ್ಕೆ ನೋವಿನ ಜೊತೆಗೆ ಚಳಿಜ್ವರ ಬಂದರೆ, ತಡೆಯ ಮೇಲೆ ನಿಂತ ಮೂತ್ರ ಕೀವಾಗುತ್ತಿದೆಯೆಂದು ಅರ್ಥ. ಅದು ರಕ್ತಕ್ಕೆ ಸೇರಿದರೆ ಕೆಲವೇ ಗಂಟೆಗಳಲ್ಲಿ ಪ್ರಾಣಾಪಾಯ. ಮೂತ್ರ ಪೂರ್ತಿ ನಿಂತುಹೋದರೂ, ಇರುವುದೇ ಒಂದು ಪಿಂಡವಾದರೂ, ನೋವಾದವಳು ಬಸುರಿಯಾದರೂ, ಕುಡಿದ ನೀರೆಲ್ಲ ವಾಂತಿಯಾಗುತ್ತಿದ್ದರೂ ಹಾಗೆಯೇ. ಕೊಲ್ಲೂರಿನಿಂದ ಕುಂದಾಪುರ ಸುಮಾರು 40 ಕಿಲೋಮೀಟರು. ಮಣಿಪಾಲ ಅದರ ಹೆಚ್ಚುಕಡಮೆ ಎರಡರಷ್ಟು. ಮಣಿಪಾಲದಲ್ಲಿ 1953ರಿಂದ ಕಸ್ತೂರ್ಬಾ ಮೆಡಿಕಲ್ ಕಾಲೇಜು ಇದೆ. ಮಳೆಗಾಲದ ರಾತ್ರಿಯಲ್ಲಿ ಆ ದಾರಿ ಸಣ್ಣದೇನೂ ಅಲ್ಲ. ಚಳಿಜ್ವರ ಬಂದವನನ್ನು ವಸತಿಗೃಹದ ಕೋಣೆಯಲ್ಲಿ ಮಲಗಿಸಿಕೊಂಡು ಬೆಳಗಿನ ಪೂಜೆ ಮುಗಿಯಲಿ ಎಂದು ಕಾಯಬೇಡಿ. 108ಕ್ಕೆ ಫೋನು ಮಾಡಿ.

ಇಂಥ ರೋಗಿಗೆ ಮೊದಲು ಕಲ್ಲನ್ನು ತೆಗೆಯುವುದಿಲ್ಲ. ಮೂತ್ರಕ್ಕೆ ದಾರಿ ಮಾಡುತ್ತಾರೆ. ಬೆನ್ನಿನ ಕಡೆಯಿಂದ ಸೂಜಿ ಹಾಯಿಸಿ ಪಿಂಡಕ್ಕೇ ಒಂದು ಸಣ್ಣ ಕೊಳವೆ ಇಡುವುದು ಒಂದು ವಿಧಾನ. ಇದನ್ನು 1955ರಲ್ಲಿ ಅಮೆರಿಕದ ಗುಡ್‌ವಿನ್ ಮತ್ತು ಸಂಗಡಿಗರು ವಿವರಿಸಿದರು. ಕೆಳಗಿನಿಂದ, ಮೂತ್ರಾಶಯದ ಮೂಲಕ, ನಾಳದೊಳಗೆ ‘ಸ್ಟೆಂಟ್’ ಎಂಬ ಮೆತ್ತನೆಯ ಕೊಳವೆಯನ್ನು ಏರಿಸುವುದು ಇನ್ನೊಂದು. ಸೋಂಕು ಇಳಿದ ಮೇಲೆ ಕಲ್ಲಿನ ಮಾತು.

ಜ್ವರವಿಲ್ಲದೆ ಕಲ್ಲು ಐದು ಮಿಲಿಮೀಟರಿಗಿಂತ ಸಣ್ಣದಾಗಿದ್ದರೆ ಅದು ಬಹುತೇಕ ತಾನಾಗಿಯೇ ಇಳಿದುಹೋಗುತ್ತದೆ. ನೋವಿಗೆ ಔಷಧ ಕೊಟ್ಟು, ನಾಳದ ಬಿಗಿ ಸಡಿಲಿಸಲು ಕೆಲವರಿಗೆ ಮಾತ್ರೆ ಕೊಟ್ಟು, ನಾಲ್ಕಾರು ವಾರ ಕಾಯಬಹುದು. ಕಾಯುವುದೆಂದರೆ ನಡುವೆ ಸ್ಕ್ಯಾನು ಮಾಡಿಸುತ್ತ ಕಾಯುವುದು. ಶೂಲೆ ಬಂದಾಗ ಕೊಡಗಟ್ಟಲೆ ನೀರು ಕುಡಿಸಿದರೆ ಕಲ್ಲು ಕೊಚ್ಚಿಹೋಗುವುದಿಲ್ಲ. ಮುಚ್ಚಿದ ನಾಳದ ಮೇಲೆ ಒತ್ತಡ ಹೆಚ್ಚಿ ನೋವು ಇಮ್ಮಡಿಸೀತು. ಬಿಯರು ಕುಡಿದರೆ ಕಲ್ಲು ಇಳಿಯುತ್ತದೆಂಬ ಶಾಸ್ತ್ರವೊಂದು ಈಚೆಗೆ ಬಹಳ ಪ್ರಚಾರದಲ್ಲಿದೆ. ಅದರ ಪ್ರಚಾರಕರಿಗೆ ಕಲ್ಲಿನ ಮೇಲಿನ ಕೋಪಕ್ಕಿಂತ ಬಿಯರಿನ ಮೇಲಿನ ಪ್ರೀತಿ ಹೆಚ್ಚೆಂದು ನನ್ನ ಗುಮಾನಿ.

ಬಾಳೆದಿಂಡಿನ ಪಲ್ಯ, ಹುರುಳಿಯ ಕಟ್ಟು, ಎಳನೀರು ಇವುಗಳ ಮೇಲೆ ನನಗೆ ಜಗಳವಿಲ್ಲ, ಆಹಾರವಾಗಿ ತಿನ್ನಬಹುದು. ಪಿಂಡ ಉಬ್ಬಿದೆಯೆಂದು ತಿಳಿದ ಮೇಲೂ ಇವುಗಳನ್ನೇ ನಂಬಿ ತಿಂಗಳು ಕಳೆಯುವುದು ತಪ್ಪು. ಬಿಂಬುಳಿ, ದಾರೆಹುಳಿಗಳ ವಿಚಾರದಲ್ಲಿ ಎಚ್ಚರಿಕೆಯೇ ಬೇಕು. ಸಾರಿಗೆ, ಉಪ್ಪಿನಕಾಯಿಗೆ ನಾಲ್ಕು ಕಾಯಿ ಹಾಕಿದರೆ ಚಿಂತೆಯಿಲ್ಲ. ಲೋಟಗಟ್ಟಲೆ ರಸ ಹಿಂಡಿ ಕುಡಿದರೆ ಅದರ ಆಕ್ಸಲೇಟು ಪಿಂಡದಲ್ಲೇ ಹರಳುಗಟ್ಟುತ್ತದೆ. ಕೊಲೆಸ್ಟರಾಲು ಇಳಿಯಲೆಂದು ಬಿಂಬುಳಿಯ ರಸ ಕುಡಿದವರ ಪಿಂಡಗಳು ಕೆಟ್ಟದ್ದನ್ನು ಕೇರಳದ ವೈದ್ಯರು 2013ರಲ್ಲಿ ವರದಿ ಮಾಡಿದ್ದಾರೆ.

ಕಲ್ಲು ದೊಡ್ಡದಾಗಿದ್ದರೆ, ಅಥವಾ ಇಳಿಯದೆ ಕುಳಿತರೆ, ತೆಗೆಯಬೇಕು. ಕಲ್ಲಿಗೆ ಕತ್ತಿ ಹಿಡಿಯುವುದು ಹಿಂದೆ ಎಷ್ಟು ಅಪಾಯದ ಕೆಲಸವಾಗಿತ್ತೆಂದರೆ, ಮೂತ್ರಾಶಯದ ಅಶ್ಮರಿಗೆ ಶಸ್ತ್ರಕ್ರಮವನ್ನು ಹೇಳಿದ ಸುಶ್ರುತ, ಮೊದಲು ಒಡೆಯನ ಅಪ್ಪಣೆ ಪಡೆಯಬೇಕೆಂದು ವಿಧಿಸಿದ. ಹಿಪೊಕ್ರಟೀಸನ ಹೆಸರಿನ ಪ್ರತಿಜ್ಞೆಯಂತೂ ಆ ಕೆಲಸವನ್ನು ಬಲ್ಲವರಿಗೇ ಬಿಡಬೇಕೆಂದಿತು. ಇಂದು ಹೊಟ್ಟೆ ಕೊಯ್ಯುವುದೇ ಅಪರೂಪ. 1980ರ ಫೆಬ್ರವರಿ 7ರಂದು ಮ್ಯೂನಿಕ್ಕಿನಲ್ಲಿ ಮೊದಲ ಬಾರಿಗೆ ಒಬ್ಬ ರೋಗಿಯ ಕಲ್ಲನ್ನು ಹೊರಗಿನಿಂದ ಆಘಾತದ ಅಲೆಗಳನ್ನು ಹಾಯಿಸಿ ಪುಡಿ ಮಾಡಿದರು. ಅದಕ್ಕೆ ಯಂತ್ರ ಮಾಡಿಕೊಟ್ಟದ್ದು ವಿಮಾನ ತಯಾರಿಸುವ ಡಾರ್ನಿಯರ್ ಕಂಪೆನಿ. ನಾಳದ ಕಲ್ಲಿಗೆ ಈಗ ಹೆಚ್ಚಾಗಿ ಬಳಸುವುದು ತೆಳುವಾದ ದುರ್ಬೀನು. ಅದನ್ನು ಮೂತ್ರದ್ವಾರದಿಂದಲೇ ಮೇಲಕ್ಕೆ ಏರಿಸಿ, ಕಲ್ಲನ್ನು ಕಣ್ಣಾರೆ ಕಂಡು, ಲೇಸರ್ ಕಿರಣದಿಂದ ಒಡೆಯುತ್ತಾರೆ. ಹುಟ್ಟಿನಿಂದ ಕಿರಿದಾದ ಜಾಗವನ್ನು ಕತ್ತರಿಸಿ ಅಗಲವಾಗಿ ಮತ್ತೆ ಜೋಡಿಸುವ ಶಸ್ತ್ರಚಿಕಿತ್ಸೆಯನ್ನು 1949ರಲ್ಲಿ ಆಂಡರ್ಸನ್ ಮತ್ತು ಹೈನ್ಸ್ ವಿವರಿಸಿದರು. ಇಂದಿಗೂ ಅದೇ ಕ್ರಮ ನಡೆದಿದೆ, ಸಣ್ಣ ರಂಧ್ರಗಳ ಮೂಲಕ ಮಾಡುತ್ತಾರೆ, ಅಷ್ಟೆ.

ಹೆಚ್ಚಿನ ಚಿಕಿತ್ಸೆಗಳ ಬಳಿಕ ನಾಳದಲ್ಲಿ ಸ್ಟೆಂಟನ್ನು ಬಿಟ್ಟಿರುತ್ತಾರೆ. ಎರಡು ತುದಿಯಲ್ಲೂ ಕೊಕ್ಕೆಯಂತೆ ಸುರುಳಿಯಿರುವ ಈ ಕೊಳವೆ 1978ರಿಂದ ಬಳಕೆಯಲ್ಲಿದೆ. ಅದು ಇರುವಷ್ಟು ದಿನ ಆಗಾಗ ಮೂತ್ರಕ್ಕೆ ಹೋಗಬೇಕೆನಿಸುತ್ತದೆ, ಸ್ವಲ್ಪ ರಕ್ತ ಕಾಣುತ್ತದೆ, ಹೆದರಬೇಕಾಗಿಲ್ಲ. ಹೆದರಬೇಕಾದುದು ಮರೆವಿಗೆ. ನೋವು ಹೋಯಿತು, ಕೆಲಸಕ್ಕೆ ಹೋಗತೊಡಗಿದೆ, ಇನ್ನೊಮ್ಮೆ ಆಸ್ಪತ್ರೆಯ ಖರ್ಚು ಯಾಕೆ ಎಂದು ಸ್ಟೆಂಟನ್ನು ತೆಗೆಸದೆ ವರ್ಷಗಟ್ಟಲೆ ಉಳಿಸಿಕೊಂಡು, ಅದರ ಸುತ್ತ ಹೊಸ ಕಲ್ಲು ಬೆಳೆದು, ತಡೆ ಬಿಡಿಸಲು ಇಟ್ಟದ್ದೇ ತಡೆಯಾಗಿ ಬರುವವರು ಎಲ್ಲ ಊರುಗಳಲ್ಲೂ ಇದ್ದಾರೆ. ಸಾಮಾನ್ಯ ಸ್ಟೆಂಟನ್ನು ವೈದ್ಯರು ಹೇಳಿದ ವಾರಗಳಲ್ಲಿ, ಹೆಚ್ಚೆಂದರೆ ಮೂರು ತಿಂಗಳೊಳಗೆ, ತೆಗೆಸಬೇಕು ಇಲ್ಲವೆ ಬದಲಾಯಿಸಬೇಕು. ತೆಗೆಯುವುದು ಕೆಲವು ನಿಮಿಷಗಳ ಕೆಲಸ. ಆಸ್ಪತ್ರೆಯಿಂದ ಹೊರಡುವಾಗ ಸ್ಟೆಂಟ್ ಇದೆಯೇ, ಯಾವ ತಾರೀಖಿಗೆ ಬರಬೇಕು ಎಂದು ಕೇಳಿ ಬರೆಸಿಕೊಳ್ಳಿ. ಅಪ್ಪನಿಗಾದರೆ ಮಗ, ಅತ್ತೆಗಾದರೆ ಸೊಸೆ ಆ ತಾರೀಖನ್ನು ಗೋಡೆಯ ಪಂಚಾಂಗದ ಮೇಲೆ ಗುರುತಿಸಿಡಲಿ. ಹೊರಬಂದ ಕಲ್ಲಿನ ಚೂರನ್ನು ಬಿಸಾಡದೆ ಪರೀಕ್ಷೆಗೆ ಕೊಡಿ. ಅದು ಯಾವ ಲವಣದ್ದೆಂದು ತಿಳಿದರೆ ಏನು ತಿನ್ನಬೇಕು, ಏನು ಬಿಡಬೇಕು ಎಂಬುದನ್ನು ಹೇಳುವುದು ವೈದ್ಯರಿಗೆ ಸುಲಭ. ಸ್ಟೆಂಟ್ ತೆಗೆದ ಕೆಲವು ವಾರಗಳ ಮೇಲೆ ಮತ್ತೊಂದು ಅಲ್ಟ್ರಾಸೌಂಡ್ ಮಾಡಿಸಿ ಪಿಂಡದ ಊತ ಇಳಿದಿದೆಯೇ ಎಂದು ನೋಡುತ್ತಾರೆ.