ಬಿದ್ದ ಹಾದಿಯಲ್ಲೇ ಗೆಲುವು

ಜಯವು ಮನುಷ್ಯನ ಸಾಮರ್ಥ್ಯವನ್ನು ಲೋಕಕ್ಕೆ ತೋರಿಸುವುದಾದರೂ, ಅವನ ಸತ್ತ್ವವನ್ನು ಅವನಿಗೇ ತಿಳಿಯಪಡಿಸುವುದು ಬಹುಮಟ್ಟಿಗೆ ಆಪತ್ತೇ ಎಂಬುದಕ್ಕೆ, ಇಟಲಿಯ ನಿವೃತ್ತ ಸ್ಕೀ ಕ್ರೀಡಾಪಟು ಡೆಬೋರಾ ಕೊಂಪಾನ್ಯೋನಿಯ ಜೀವನವು ಉಜ್ಜ್ವಲ ನಿದರ್ಶನವಾಗಿದೆ.

ಆಲ್ಪ್ಸ್ ಪರ್ವತಶ್ರೇಣಿಯ ಬೋರ್ಮಿಯೋದಲ್ಲಿ 1970ರಲ್ಲಿ ಜನಿಸಿ, ಸಮೀಪದ ಸಾಂತಾ ಕತೆರೀನಾ ಗ್ರಾಮದ ಹಿಮದ ಇಳಿಜಾರುಗಳಲ್ಲಿ ಬೆಳೆದ ಈಕೆ, ಸೆಕೆಂಡಿನ ಶತಾಂಶಗಳು ಜಯಾಪಜಯಗಳನ್ನು ನಿರ್ಣಯಿಸುವ ಈ ಕ್ರೀಡೆಯಲ್ಲಿ, 1992ರ ಆಲ್ಬರ್ಟ್‌ವಿಲ್ ಒಲಿಂಪಿಕ್ಸ್‌ನ ಸೂಪರ್ ಜೀ ಸ್ಪರ್ಧೆಯನ್ನು 1.41 ಸೆಕೆಂಡುಗಳ ಅಂತರದಿಂದ ಗೆದ್ದಳು. ಮರುದಿನವೇ ಜಯಂಟ್ ಸ್ಲಾಲಮ್ ಸ್ಪರ್ಧೆಯಲ್ಲಿ ಬಿದ್ದು, ಎಡಮೊಣಕಾಲಿನ ಅಸ್ಥಿಬಂಧವು ಹರಿದು, ಸುವರ್ಣಪದಕದ ಹರ್ಷವಿನ್ನೂ ಆರದಿದ್ದ ಆ ಕಂಠದಿಂದ ವೇದನೆಯ ಚೀತ್ಕಾರವು ಹೊರಟಿತು.

ಆದರೆ ಯಾವ ಸ್ಪರ್ಧೆಯು ಆಕೆಯನ್ನು ಕೆಡವಿತೋ, ಆ ಜಯಂಟ್ ಸ್ಲಾಲಮ್‌ನಲ್ಲಿಯೇ 1994ರಲ್ಲಿ ಲಿಲ್ಲೆಹಾಮರಿನಲ್ಲಿಯೂ 1998ರಲ್ಲಿ ನಾಗಾನೊದಲ್ಲಿಯೂ ಆಕೆ ಅಗ್ರಸ್ಥಾನವನ್ನು ಪಡೆದು, ಮೂರು ಬೇರೆ ಬೇರೆ ಒಲಿಂಪಿಕ್ಸ್‌ಗಳಲ್ಲಿ ಸುವರ್ಣವನ್ನು ಗಳಿಸಿದ ಪ್ರಥಮ ಆಲ್ಪೈನ್ ಸ್ಕೀಪಟುವೆನಿಸಿದಳು. ಅದೇ ನಾಗಾನೊದ ಸ್ಲಾಲಮ್‌ನಲ್ಲಿ ಕೇವಲ 0.06 ಸೆಕೆಂಡಿನಿಂದ ಪ್ರಥಮಸ್ಥಾನವು ಕೈತಪ್ಪಿ ರಜತಪದಕವು ದೊರೆಯಿತು. 1999ರಲ್ಲಿ ಆಕೆ ಸ್ಪರ್ಧಾಜೀವನಕ್ಕೆ ವಿದಾಯ ಹೇಳಿದಳು.

ಬಿದ್ದವರು ಏಳುವುದು ಲೋಕರೂಢಿಯೇ ಸರಿ. ಆದರೆ ನೋವಿನ ಸ್ಮರಣೆಯನ್ನು ದೇಹವು ಮರೆಯದಿರುವಾಗಲೂ, ಬಿದ್ದ ಹಾದಿಯನ್ನು ತೊರೆಯದೆ, ಅದೇ ವೇಗಕ್ಕೆ ಅದೇ ತಿರುವಿಗೆ ತನ್ನನ್ನು ಮತ್ತೆ ಒಪ್ಪಿಸಿಕೊಳ್ಳುವುದು ದುರ್ಲಭವಾದ ಧೈರ್ಯ. ಆ ಧೈರ್ಯವು ಒಂದು ಕ್ಷಣದ ಆವೇಶದಿಂದ ಹುಟ್ಟದು. ಪ್ರೇಕ್ಷಕರಿಲ್ಲದ ದಿನಗಳ ತಾಳ್ಮೆಯ ಅಭ್ಯಾಸದಿಂದಲೇ ಅದು ಸಿದ್ಧಿಸುತ್ತದೆ. ನಮ್ಮನ್ನು ಸೋಲಿಸಿದ ಕಾರ್ಯವೊಂದು ಇಂದು ನಮ್ಮ ಮುಂದೆಯೂ ಇದ್ದರೆ, ಅದನ್ನು ಮತ್ತೆ ಕೈಗೆತ್ತಿಕೊಳ್ಳೋಣ.