ಗೂಡಿನ ಹರಾಜು, ಬತ್ತಿದ ಹೊಳೆ, ಆಟದ ಗಣಿತ



ರಾಮನಗರದ ಸರ್ಕಾರಿ ರೇಷ್ಮೆಗೂಡು ಮಾರುಕಟ್ಟೆಗೆ ಏಷ್ಯಾದಲ್ಲೇ ದೊಡ್ಡದೆಂಬ ಹೆಸರಿದೆ. ಮಾಗಡಿ, ಕನಕಪುರ, ಚನ್ನಪಟ್ಟಣಗಳಿಂದಷ್ಟೇ ಅಲ್ಲ, ದೂರದ ಜಿಲ್ಲೆಗಳಿಂದ, ನೆರೆ ರಾಜ್ಯಗಳಿಂದಲೂ ರೈತರು ಇಲ್ಲಿಗೆ ಗೂಡು ತರುತ್ತಾರೆ. ತಂದವರಿಗೆ ಕಾಯುವ ಬಿಡುವಿಲ್ಲ. ಒಳಗಿನ ಹುಳು ಚಿಟ್ಟೆಯಾಗಿ ಗೂಡು ತೂತು ಮಾಡಿಕೊಂಡು ಬಂದರೆ ಎಳೆ ತುಂಡಾಗುತ್ತದೆ, ಮತ್ತೆ ನೂಲು ಬಿಚ್ಚಲು ಬಾರದು. ಗೂಡು ಕೊಂಡು ನೂಲು ತೆಗೆಯುವ ರೀಲರ್‌ಗೂ ಅವಸರವೇ. ಗೂಡು ಸಿಗದ ದಿನ ಒಲೆ ಹೊತ್ತಿಸುವಂತಿಲ್ಲ, ಕೆಲಸದವರು ಸುಮ್ಮನೆ ಕೂರಬೇಕು. ಒಂದು ಹಿಡಿ ಗೂಡು ಎತ್ತಿ, ಅಲುಗಿಸಿ, ಒತ್ತಿ ನೋಡುವ ರೀಲರ್ ತಲೆಯಲ್ಲಿ ಎರಡು ಲೆಕ್ಕ ಓಡುತ್ತಿರುತ್ತವೆ. ಈ ಲಾಟಿನಿಂದ ಎಷ್ಟು ನೂಲು ಬಂದೀತು? ಪಕ್ಕದವನು ಎಷ್ಟಕ್ಕೆ ಕೂಗಿಯಾನು?

ಈ ಎರಡನೆಯ ಲೆಕ್ಕವೇ ಇಂದಿನ ವಿಷಯ. ನಮಗೆ ಸಿಗುವ ಫಲ ನಮ್ಮೊಬ್ಬರ ಆಯ್ಕೆಯಿಂದ ಬರದೆ, ಎದುರಿಗಿರುವವರ ಆಯ್ಕೆಯೂ ಸೇರಿ ಬರುವಾಗ ಜನ ಹೇಗೆ ನಡೆದುಕೊಳ್ಳುತ್ತಾರೆ? ಇದನ್ನು ಅಳೆದು ನೋಡುವ ಶಾಸ್ತ್ರಕ್ಕೆ ಗೇಮ್ ಥಿಯರಿ, ಆಟದ ಸಿದ್ಧಾಂತ ಎಂದು ಹೆಸರು. ಅದರ ಬೆನ್ನಿಗೇ ಬಂದದ್ದು ಸಿಮ್ಯುಲೇಶನ್. ಕಾಗದದ ಮೇಲೆ ಬಿಡಿಸಲಾಗದ ಆಟವನ್ನು ಕಂಪ್ಯೂಟರಿನಲ್ಲೋ ಮಣೆಯ ಮೇಲೋ ಮತ್ತೆ ಮತ್ತೆ ಆಡಿಸಿ, ಕೊನೆಗೆ ಏನಾಗುತ್ತದೆಂದು ನೋಡುವ ವಿಧಾನ ಅದು.

ಕಥೆ ಮೊದಲಾಗುವುದು 1928ರಲ್ಲಿ. ಹಂಗೇರಿಯಲ್ಲಿ ಹುಟ್ಟಿದ ಗಣಿತಜ್ಞ ಜಾನ್ ಫಾನ್ ನಾಯ್ಮನ್ ಆ ವರ್ಷ ಮನೆಯೊಳಗೆ ಕೂತು ಆಡುವ ಆಟಗಳ ಬಗ್ಗೆ ಒಂದು ಪ್ರಬಂಧ ಪ್ರಕಟಿಸಿದರು. ಒಬ್ಬನ ಗೆಲುವು ಇನ್ನೊಬ್ಬನ ಸೋಲಾಗಿರುವ ಆಟದಲ್ಲಿ, ಎದುರಾಳಿ ಎಷ್ಟೇ ಜಾಣನಾದರೂ ನಮ್ಮ ನಷ್ಟ ಒಂದು ಮಿತಿ ದಾಟದಂತೆ ಆಡುವ ದಾರಿ ಇದ್ದೇ ಇರುತ್ತದೆ ಎಂದು ಅವರು ಸಾಧಿಸಿ ತೋರಿಸಿದರು. ಕೆಲವು ಆಟಗಳಲ್ಲಿ ಆ ದಾರಿ ಎಂದರೆ ಆಯ್ಕೆಯನ್ನು ಅದೃಷ್ಟಕ್ಕೆ ಒಪ್ಪಿಸುವುದು. ನಮ್ಮ ನಡೆ ನಮಗೇ ಮೊದಲು ಗೊತ್ತಿರದಿದ್ದರೆ ಎದುರಾಳಿ ಅದನ್ನು ಊಹಿಸುವುದಾದರೂ ಹೇಗೆ?

ಇದನ್ನು ಅರಿಯಲು ರಾಮನಗರದವರು ದೂರ ಹೋಗಬೇಕಿಲ್ಲ. ರಾಮದೇವರ ಬೆಟ್ಟದ ಬಂಡೆಗಳ ನಡುವೆ ಚಿತ್ರೀಕರಣಗೊಂಡು 1975ರಲ್ಲಿ ತೆರೆಕಂಡ ‘ಶೋಲೆ’ಯಲ್ಲಿ ಜಯ್ ಎಂಬ ಪಾತ್ರ ಎಲ್ಲ ತೀರ್ಮಾನಕ್ಕೂ ನಾಣ್ಯ ಚಿಮ್ಮುತ್ತಾನೆ. ಅವನು ಸತ್ತ ಮೇಲಷ್ಟೇ ನಾಣ್ಯದ ಎರಡೂ ಮುಖ ಒಂದೇ ಎಂದು ಗೆಳೆಯ ವೀರೂಗೆ ತಿಳಿಯುತ್ತದೆ. ವೀರೂ ಅದೃಷ್ಟ ಎಂದು ನಂಬಿದ್ದೆಲ್ಲ ಜಯ್‌ನ ತೀರ್ಮಾನವಾಗಿತ್ತು. ಯಾರಿಗೆ ಏನು ಗೊತ್ತಿದೆ, ಯಾರಿಗೆ ಗೊತ್ತಿಲ್ಲ ಎಂಬುದರ ಮೇಲೆ ಆಟ ಪೂರ್ತಿ ಬದಲಾಗುತ್ತದೆ. ಮುಂದೆ ಈ ಶಾಸ್ತ್ರದ ಒಂದು ದೊಡ್ಡ ಶಾಖೆಯೇ ಈ ಪ್ರಶ್ನೆಯ ಮೇಲೆ ಬೆಳೆಯಿತು.

1944ರಲ್ಲಿ ನಾಯ್ಮನ್ ಮತ್ತು ಅರ್ಥಶಾಸ್ತ್ರಜ್ಞ ಆಸ್ಕರ್ ಮಾರ್ಗನ್‌ಸ್ಟರ್ನ್ ಸೇರಿ ದೊಡ್ಡ ಗ್ರಂಥವೊಂದನ್ನು ಹೊರತಂದರು. ಮನೆಯಾಟದ ಗಣಿತ ಆಗ ಸಂತೆ, ಕಾರ್ಖಾನೆ, ಒಪ್ಪಂದಗಳ ಗಣಿತವಾಯಿತು. ಆರು ವರ್ಷದ ನಂತರ, 1950ರಲ್ಲಿ, ಇಪ್ಪತ್ತರ ಹರೆಯದ ಜಾನ್ ನ್ಯಾಶ್ ಎರಡು ಹೆಜ್ಜೆ ಮುಂದಿಟ್ಟರು. ಇಬ್ಬರ ನಡುವಿನ ಚೌಕಾಸಿಯಲ್ಲಿ ನ್ಯಾಯವಾದ ಪಾಲು ಯಾವುದೆಂದು ಒಂದು ಪ್ರಬಂಧದಲ್ಲಿ ಕೇಳಿದರು. ಎದುರಿನವರು ತಮ್ಮ ನಡೆ ಬದಲಿಸದಿದ್ದರೆ ತಾನೂ ಬದಲಿಸಿ ಲಾಭವಿಲ್ಲ ಎಂದು ಪ್ರತಿಯೊಬ್ಬನಿಗೂ ಅನ್ನಿಸುವ ಸ್ಥಿತಿಯನ್ನು ಇನ್ನೊಂದರಲ್ಲಿ ವಿವರಿಸಿದರು. ಇದನ್ನೇ ನ್ಯಾಶ್ ಸಮತೋಲ ಎನ್ನುತ್ತಾರೆ.

ಚೌಕಾಸಿಯ ವಿಷಯದಲ್ಲಿ ಹಳೇ ಮೈಸೂರು ಸೀಮೆಯ ದನದ ಜಾತ್ರೆಗಳು ಕಡಿಮೆ ಪಾಠಶಾಲೆಗಳಲ್ಲ. ಮಾಗಡಿಯ ರಂಗನಾಥಸ್ವಾಮಿ ಜಾತ್ರೆಯಂಥ ಕಡೆ ಜೋಡೆತ್ತಿನ ಬೆಲೆಯನ್ನು ಬಾಯಲ್ಲಿ ಹೇಳುವವರು ಕಡಿಮೆ. ದಲ್ಲಾಳಿ ಟವೆಲ್ಲಿನ ಮರೆಯಲ್ಲಿ ಬೆರಳು ಹಿಡಿದು ಬೆಲೆ ತಿಳಿಸುತ್ತಾನೆ. ಸುತ್ತ ನಿಂತ ನೂರು ಜನಕ್ಕೂ ಅದು ಕಾಣದು. ಹೀಗೆ ಮಾತು ಮುರಿದರೂ ಮಾರುವವನ ಎತ್ತಿನ ಬೆಲೆ ಜಾತ್ರೆಯಲ್ಲಿ ಬಿದ್ದುಹೋಗುವುದಿಲ್ಲ. ಆದರೆ ಈ ಗುಟ್ಟಿಗೆ ಇನ್ನೊಂದು ಮುಖವೂ ಇದೆ. ಎರಡೂ ಕಡೆಯ ಬೆಲೆ ಬಲ್ಲವನು ದಲ್ಲಾಳಿ ಒಬ್ಬನೇ.

ಅದೇ 1950ರಲ್ಲಿ ಅಮೆರಿಕದ ರ‍್ಯಾಂಡ್ ಸಂಸ್ಥೆಯ ಮೆರಿಲ್ ಫ್ಲಡ್ ಮತ್ತು ಮೆಲ್ವಿನ್ ಡ್ರೆಶರ್ ಒಂದು ಪುಟ್ಟ ಆಟ ಕಟ್ಟಿದರು. ಗಣಿತಜ್ಞ ಆಲ್ಬರ್ಟ್ ಟಕರ್ ಅದಕ್ಕೆ ಇಬ್ಬರು ಕೈದಿಗಳ ಕಥೆ ತೊಡಿಸಿದ್ದರಿಂದ ‘ಕೈದಿಗಳ ಇಕ್ಕಟ್ಟು’ ಎಂಬ ಹೆಸರು ನಿಂತಿತು. ಇಬ್ಬರೂ ಒಬ್ಬರನ್ನೊಬ್ಬರು ಬಿಟ್ಟುಕೊಡದಿದ್ದರೆ ಇಬ್ಬರಿಗೂ ಕಡಿಮೆ ಶಿಕ್ಷೆ. ಆದರೂ ತನ್ನೊಬ್ಬನ ಲಾಭ ನೋಡಿದರೆ ಬಾಯಿ ಬಿಡುವುದೇ ಮೇಲೆಂದು ಪ್ರತಿಯೊಬ್ಬನಿಗೂ ತೋರುತ್ತದೆ. ಕೊನೆಗೆ ಇಬ್ಬರೂ ಹೆಚ್ಚು ಶಿಕ್ಷೆ ಅನುಭವಿಸುತ್ತಾರೆ. ಇವರು ದಡ್ಡರೂ ಅಲ್ಲ, ಕೇಡಿಗಳಾಗಲೇಬೇಕೆಂದೂ ಇಲ್ಲ. ನಿಯಮ ಹಾಗಿರುವಾಗ ಬುದ್ಧಿವಂತಿಕೆಯೇ ಇಬ್ಬರನ್ನೂ ಹಳ್ಳಕ್ಕೆ ನೂಕುತ್ತದೆ. ಜನರನ್ನು ದೂರುವ ಮೊದಲು ಅವರು ಆಡುತ್ತಿರುವ ಆಟದ ನಿಯಮ ನೋಡಬೇಕು ಎಂಬ ತಿಳಿವು ಸಮಾಜದ ಅಧ್ಯಯನಕ್ಕೆ ಸಿಕ್ಕಿದ್ದು ಇಲ್ಲಿಂದ.

ಈಗ ಗೂಡಿನ ಹರಾಜಿಗೆ ಬರೋಣ. 1961ರಲ್ಲಿ ವಿಲಿಯಂ ವಿಕ್ರಿ ಹರಾಜನ್ನು ಆಟವಾಗಿ ಕಂಡು ಬರೆದರು. ಬೆಲೆ ಏರುತ್ತ ಹೋಗುವ ಕೂಗು ಹರಾಜು ನಿಲ್ಲುವುದು ಕೊನೆಯ ಇಬ್ಬರಲ್ಲಿ ಒಬ್ಬ ಹಿಂದೆ ಸರಿದಾಗ. ಅಂದರೆ ಮಾರುವವನಿಗೆ ದಕ್ಕುವ ಬೆಲೆಯನ್ನು ನಿಜವಾಗಿ ಗೊತ್ತುಮಾಡುವವನು ಸೋತ ಎರಡನೆಯವನು. ಕೊಳ್ಳುವವರು ನಾಲ್ಕೇ ಜನರಾಗಿ, ಅವರೂ ಒಳಗೊಳಗೇ ಮಾತಾಡಿಕೊಂಡಿದ್ದರೆ ಒಳ್ಳೆಯ ಗೂಡೂ ಅಗ್ಗಕ್ಕೆ ಹೋಗುತ್ತದೆ.

ರೀಲರ್‌ಗಿರುವಂಥ ಅಪಾಯವನ್ನು ಬಿಡಿಸಿಟ್ಟವರು ರಾಬರ್ಟ್ ವಿಲ್ಸನ್. ಒಂದು ಕಿಲೋ ನೂಲು ತೆಗೆಯಲು ಎಷ್ಟು ಕಿಲೋ ಗೂಡು ಬೇಕೆಂಬ ಲೆಕ್ಕಕ್ಕೆ ರೇಷ್ಮೆಯವರು ರೆಂಡಿಟ್ಟ ಎನ್ನುತ್ತಾರೆ. ಹರಾಜಿನ ಹೊತ್ತಿಗೆ ಅದು ಯಾರಿಗೂ ಖಚಿತವಾಗಿ ಗೊತ್ತಿರುವುದಿಲ್ಲ. ಎಲ್ಲರದೂ ಅಂದಾಜು. ನೂಲು ಹೆಚ್ಚು ಬರುತ್ತದೆಂದು ಅಂದಾಜು ಮಾಡಿದವನೇ ಹರಾಜು ಗೆಲ್ಲುತ್ತಾನೆ. ಗೆದ್ದವನು ನೂಲು ತೆಗೆದಾಗ ಕೈಸುಟ್ಟುಕೊಳ್ಳುವುದು ಹೀಗೆ. ವಿಕ್ರಿಗೆ 1996ರಲ್ಲಿ, ವಿಲ್ಸನ್ ಮತ್ತು ಅವರ ಶಿಷ್ಯ ಪಾಲ್ ಮಿಲ್‌ಗ್ರಾಮ್‌ಗೆ 2020ರಲ್ಲಿ ನೊಬೆಲ್ ಬಂತು.

ಕರ್ನಾಟಕದಲ್ಲಿ ಗೂಡಿನ ವ್ಯಾಪಾರಕ್ಕೆ ಕಟ್ಟುಪಾಡು ತಂದದ್ದು 1959ರ ರೇಷ್ಮೆ ಕಾಯ್ದೆ. ಅದರಡಿ ವ್ಯಾಪಾರ ಸರ್ಕಾರಿ ಮಾರುಕಟ್ಟೆಯ ಬಹಿರಂಗ ಹರಾಜಿಗೆ ಬಂತು. ನಂತರ ರಾಮನಗರಕ್ಕೆ ಇ-ಹರಾಜು ಬಂತು. ರೀಲರ್‌ಗಳು ಮೊಬೈಲಿನಲ್ಲಿ ಬೆಲೆ ಹಾಕತೊಡಗಿದರು. ಬೆಲೆ ಹಿಡಿಸದಿದ್ದರೆ ಒಲ್ಲೆ ಎನ್ನುವ ಹಕ್ಕು ರೈತನಿಗಿದೆ. ಇದು ಯಂತ್ರದ ಬದಲಾವಣೆಗಿಂತ ಆಟದ ಬದಲಾವಣೆ. ಕೂಗು ಹರಾಜಿನಲ್ಲಿ ಯಾರು ಒಳಮಾತು ಮುರಿದು ಹೆಚ್ಚಿಗೆ ಕೂಗಿದರೆಂದು ಎಲ್ಲರಿಗೂ ಕೇಳುತ್ತದೆ. ಅಂಥವನ ಮೇಲೆ ಉಳಿದವರು ಸಿಟ್ಟು ತೀರಿಸಿಕೊಳ್ಳಬಹುದು. ಬೆಲೆ ಹಾಕಿದವರ ಹೆಸರು ಮರೆಯಾದರೆ ಅಂಥ ಕೂಟ ನಿಲ್ಲುವುದು ಕಷ್ಟ ಎಂದು ಹರಾಜಿನ ಸಿದ್ಧಾಂತ ಹೇಳುತ್ತದೆ.

ಕೃಷಿ ಮಾರುಕಟ್ಟೆಗಳಲ್ಲೂ ಇದೇ ದಾರಿ. 2014ರಲ್ಲಿ ಕರ್ನಾಟಕ ಎಪಿಎಂಸಿಗಳನ್ನು ಒಂದೇ ಆನ್‌ಲೈನ್ ವೇದಿಕೆಗೆ ಜೋಡಿಸಲು ಹೊರಟಿತು. 2019ರಲ್ಲಿ ಸಂಶೋಧಕರ ಜೊತೆಗೂಡಿ ಒಂದು ದೊಡ್ಡ ಬೇಳೆಕಾಳು ಮಾರುಕಟ್ಟೆಯಲ್ಲಿ ಎರಡು ಹಂತದ ಹರಾಜನ್ನು ನಡೆಸಿ ನೋಡಲಾಯಿತು. ಮೊದಲ ಸುತ್ತಿನಲ್ಲಿ ಹೆಚ್ಚು ಬೆಲೆ ಹಾಕಿದವರಿಗೆ ಮಾತ್ರ ಇನ್ನೊಂದು ಸುತ್ತು. ರೈತರಿಗೆ ಸಿಕ್ಕ ಬೆಲೆ ಏರಿತು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ವೈ. ನರಹರಿಯವರು ಕಟ್ಟಿದ ಗೇಮ್ ಥಿಯರಿ ಪ್ರಯೋಗಾಲಯವೂ ರೈತರ ಗುಂಪುಗಳು ಗೊಬ್ಬರ, ಬೀಜ ಕೊಳ್ಳುವ ಹರಾಜುಗಳ ವಿನ್ಯಾಸದ ಮೇಲೆ ಕೆಲಸ ಮಾಡಿದೆ.

ಆಟ ಒಂದೇ ಸಲ ಮುಗಿಯದೆ ದಿನವೂ ನಡೆದರೆ? ಇದನ್ನು ಕಂಪ್ಯೂಟರಿಗೆ ಕೊಟ್ಟವರು ರಾಬರ್ಟ್ ಆಕ್ಸೆಲ್‌ರಾಡ್. ಕೈದಿಗಳ ಇಕ್ಕಟ್ಟನ್ನು ಸತತವಾಗಿ ಆಡುವ ಪ್ರೋಗ್ರಾಂಗಳನ್ನು ಕಳಿಸಿ ಎಂದು ಅವರು ವಿದ್ವಾಂಸರನ್ನು ಕೇಳಿಕೊಂಡರು. 1980ರಲ್ಲಿ ಫಲಿತಾಂಶ ಪ್ರಕಟವಾಯಿತು. ಬಂದ 14 ಪ್ರೋಗ್ರಾಂಗಳಲ್ಲಿ ಗೆದ್ದದ್ದು ಅನಟೋಲ್ ರ‍್ಯಾಪಪೋರ್ಟ್ ಕಳಿಸಿದ ಅತಿ ಚಿಕ್ಕದು. ಮೊದಲು ಸಹಕರಿಸು, ನಂತರ ಎದುರಿನವನು ಹಿಂದಿನ ಸಲ ಮಾಡಿದ್ದನ್ನೇ ನೀನೂ ಮಾಡು. ಇಷ್ಟೇ ಅದರ ನೀತಿ. ಎರಡನೆಯ ಪಂದ್ಯಕ್ಕೆ 62 ಪ್ರೋಗ್ರಾಂಗಳು ಬಂದವು. ಮತ್ತೆ ಅದೇ ಗೆದ್ದಿತು.

ಮುಯ್ಯಾಳು ಕಂಡವರಿಗೆ ಇದು ಹೊಸದೆನಿಸದು. ನಾಟಿಗೆ, ಕುಯ್ಲಿಗೆ ಇವತ್ತು ನೀನು ಬಾ, ನಾಳೆ ನಾನು ಬರುತ್ತೇನೆ. ಬರದವನ ಹೊಲಕ್ಕೆ ಮರುವರ್ಷ ಯಾರೂ ಇಳಿಯುವುದಿಲ್ಲ, ತಿರುಗಿ ಬಂದರೆ ಮತ್ತೆ ಸೇರಿಸಿಕೊಳ್ಳುತ್ತಾರೆ. ಕಾಗದವಿಲ್ಲ, ಸಾಕ್ಷಿಯಿಲ್ಲ. ನಾಳೆಯೂ ಇದೇ ಊರಿನಲ್ಲಿ ಇದೇ ಮುಖ ನೋಡಬೇಕೆಂಬುದೇ ಅದರ ಬಲ.

ಸಿಮ್ಯುಲೇಶನ್ನಿಗೆ ಕಂಪ್ಯೂಟರೇ ಬೇಕೆಂದೂ ಇಲ್ಲ. ಥಾಮಸ್ ಶೆಲ್ಲಿಂಗ್ ಚೌಕಮನೆ ಹಾಕಿ ಎರಡು ಬಗೆಯ ನಾಣ್ಯಗಳನ್ನು ಚೆಲ್ಲಾಪಿಲ್ಲಿ ಇಟ್ಟರು. ಅದರ ವಿವರವಾದ ಪ್ರಬಂಧ 1971ರಲ್ಲಿ ಬಂತು. ಚನ್ನಪಟ್ಟಣದ ಚರಕಿಯಲ್ಲಿ ಹಾಲೆ ಮರ ಕಡೆದು ಅರಗಿನ ಬಣ್ಣ ಹಾಕಿದ ಕೆಂಪು, ಹಳದಿ ಕಾಯಿಗಳಲ್ಲಿ ಶಾಲೆಯ ಮಕ್ಕಳೂ ಇದನ್ನು ಆಡಬಹುದು. ನಿಯಮ ಒಂದೇ. ಸುತ್ತಲಿನ ಕಾಯಿಗಳಲ್ಲಿ ಮೂರರಲ್ಲೊಂದಾದರೂ ತನ್ನ ಬಣ್ಣದ್ದಿದ್ದರೆ ಕಾಯಿ ಕದಲದು. ಇಲ್ಲದಿದ್ದರೆ ಬೇರೆ ಖಾಲಿ ಮನೆಗೆ ಹೋಗುತ್ತದೆ. ಯಾವ ಕಾಯಿಯೂ ಇನ್ನೊಂದು ಬಣ್ಣವನ್ನು ದ್ವೇಷಿಸುತ್ತಿಲ್ಲ. ಆದರೂ ಕೆಲವು ಸುತ್ತುಗಳಲ್ಲಿ ಕೆಂಪು ಕಾಯಿಗಳ ಕೇರಿ ಬೇರೆ, ಹಳದಿ ಕಾಯಿಗಳ ಕೇರಿ ಬೇರೆಯಾಗುತ್ತದೆ. ಬೀದಿಗಳು, ಬಡಾವಣೆಗಳು ಹೇಗೆ ಒಡೆಯುತ್ತವೆಂಬುದಕ್ಕೆ ಇದು ತೀರ ಸರಳ ವಿವರಣೆ. ಶೆಲ್ಲಿಂಗ್‌ಗೆ 2005ರಲ್ಲಿ ರಾಬರ್ಟ್ ಔಮನ್ ಜೊತೆ ನೊಬೆಲ್ ದೊರೆಯಿತು.

ಮನುಷ್ಯರಲ್ಲಿ ಹುಟ್ಟಿದ ಈ ಗಣಿತ 1973ರಲ್ಲಿ ಪ್ರಾಣಿಗಳತ್ತ ತಿರುಗಿತು. ಜಾನ್ ಮೇನಾರ್ಡ್ ಸ್ಮಿತ್ ಮತ್ತು ಜಾರ್ಜ್ ಪ್ರೈಸ್ ಪ್ರಾಣಿಗಳ ಕಾದಾಟವನ್ನು ಕಂಪ್ಯೂಟರಿನಲ್ಲಿ ಆಡಿಸಿ ನೋಡಿದರು. ಸಾಯುವವರೆಗೆ ಹೊಡೆದಾಡುವ ಗುಣಕ್ಕಿಂತ ಹೆದರಿಸಿ ಹಿಂದೆ ಸರಿಯುವ ಗುಣ ಏಕೆ ಉಳಿದುಬರುತ್ತದೆಂದು ತೋರಿಸಿದರು. ಬೆಂಗಳೂರಿನಲ್ಲಿ ರಾಘವೇಂದ್ರ ಗದಗ್ಕರ್ ದಶಕಗಳ ಕಾಲ ಒಂದು ಜಾತಿಯ ಕಣಜದ ಗೂಡುಗಳನ್ನು ಕಾದು ನೋಡಿ, ಕೆಲಸಗಾರ ಹೆಣ್ಣುಗಳು ತಮ್ಮ ಸಂತಾನ ಬಿಟ್ಟು ಇನ್ನೊಬ್ಬಳ ಮರಿಗಳಿಗೆ ಏಕೆ ದುಡಿಯುತ್ತವೆ ಎಂಬ ಪ್ರಶ್ನೆಯನ್ನು ಬೆನ್ನಟ್ಟಿದರು.

ಕನಕಪುರದವರಿಗೆ ಇದಕ್ಕಿಂತ ಹತ್ತಿರದ ಉದಾಹರಣೆ ಆನೆ. ಬನ್ನೇರುಘಟ್ಟ ಮತ್ತು ಕಾವೇರಿ ವನ್ಯಧಾಮದ ಕಾಡಿನಿಂದ ಆನೆಗಳು ಕನಕಪುರ, ಚನ್ನಪಟ್ಟಣದ ಹೊಲಗಳಿಗೆ ಇಳಿಯುತ್ತವೆ. ರಾಮನ್ ಸುಕುಮಾರ್ ಮತ್ತು ಮಾಧವ ಗಾಡ್ಗೀಳ್ ದಕ್ಷಿಣ ಭಾರತದ ಆನೆಗಳ ಬಗ್ಗೆ 1988ರಲ್ಲಿ ಬರೆದ ಪ್ರಬಂಧದ ಪ್ರಕಾರ ಪೈರಿಗೆ ನುಗ್ಗುವುದರಲ್ಲಿ ಗಂಡಾನೆಗಳದು ಮುಂದಿನ ಕೈ. ರಾಗಿ ಕಾಡಿನ ಹುಲ್ಲಿಗಿಂತ ಪುಷ್ಟಿಯ ಆಹಾರ. ಮೈ ಬಲಿತ ಗಂಡಿಗೆ ಹೆಚ್ಚು ಸಂತಾನ. ಹಾಗಾಗಿ ಗಂಡಾನೆ ಗುಂಡು, ಕರೆಂಟು, ಪಟಾಕಿಗಳ ಅಪಾಯವನ್ನೂ ಲೆಕ್ಕಕ್ಕಿಡದು. ಮರಿಗಳಿರುವ ಹೆಣ್ಣಾನೆಗಳ ಹಿಂಡು ಅಷ್ಟು ಧೈರ್ಯ ಮಾಡದು. ಇತ್ತ ರೈತರ ಆಟವೂ ಇದೆ. ಒಬ್ಬ ಅಟ್ಟಣೆ ಕಟ್ಟಿ ರಾತ್ರಿಯಿಡೀ ಕಾದರೆ ಆನೆ ಕಾಯದವನ ಹೊಲಕ್ಕೆ ಹೋಗುತ್ತದೆ. ಊರು ಸೇರಿ ಸರದಿ ಹಾಕಿಕೊಂಡರೆ ಮಾತ್ರ ಎಲ್ಲರ ಪೈರೂ ಉಳಿದೀತು.

ಇನ್ನು ನೀರು. ನಂದಿಬೆಟ್ಟದಲ್ಲಿ ಹುಟ್ಟುವ ಅರ್ಕಾವತಿ ಮಾಗಡಿ, ರಾಮನಗರ, ಕನಕಪುರ ತಾಲ್ಲೂಕುಗಳನ್ನು ಹಾದು ಸಂಗಮದಲ್ಲಿ ಕಾವೇರಿ ಸೇರುತ್ತದೆ. 1930ರ ದಶಕದಲ್ಲಿ ಬೆಂಗಳೂರಿಗೆ ಕುಡಿಯುವ ನೀರಿಗೆಂದು ಅದಕ್ಕೆ ಕಟ್ಟಿದ ತಿಪ್ಪಗೊಂಡನಹಳ್ಳಿ ಜಲಾಶಯಕ್ಕೆ ಹರಿದುಬರುವ ನೀರು ವರ್ಷದಿಂದ ವರ್ಷಕ್ಕೆ ಕುಸಿಯಿತು. ಮಳೆ ಕಡಿಮೆಯಾಗಿದೆಯೇ? ಬೆಂಗಳೂರಿನ ಏಟ್ರೀ ಸಂಸ್ಥೆಯ ವೀಣಾ ಶ್ರೀನಿವಾಸನ್, ಶರಚ್ಚಂದ್ರ ಲೇಲೆ ಮತ್ತು ಸಂಗಡಿಗರು ಒಂದೊಂದೇ ಕಾರಣವನ್ನು ಒರೆಗೆ ಹಚ್ಚಿ 2015ರಲ್ಲಿ ಪ್ರಬಂಧ ಪ್ರಕಟಿಸಿದರು. ಮಳೆಯನ್ನು ದೂರಲು ಆಧಾರ ಸಿಗಲಿಲ್ಲ. ಕೊಳವೆಬಾವಿಗಳು ಎತ್ತುವ ನೀರು, ನೀಲಗಿರಿ ತೋಪುಗಳು, ಹಳ್ಳಕ್ಕೆ ಅಡ್ಡ ಕಟ್ಟಿದ ಕಟ್ಟೆಗಳು ಕಾರಣಗಳ ಪಟ್ಟಿಯಲ್ಲಿ ಉಳಿದವು. 2017ರಲ್ಲಿ ಸರ್ಕಾರ ಹೊಸದಾಗಿ ನೀಲಗಿರಿ ನೆಡುವುದನ್ನು ನಿಷೇಧಿಸಿತು. ಕೊಳವೆಬಾವಿಯ ಕಥೆ ಅಷ್ಟು ಸುಲಭವಲ್ಲ. ನಾನು ಕೊರೆಸದಿದ್ದರೆ ಪಕ್ಕದವನು ಕೊರೆಸುತ್ತಾನೆ, ಅವನು ಆಳಕ್ಕೆ ಹೋದರೆ ನನ್ನದು ಬತ್ತುತ್ತದೆ ಎಂಬ ಲೆಕ್ಕದಲ್ಲಿ ತಪ್ಪಿಲ್ಲ. ಕೈದಿಗಳ ಇಕ್ಕಟ್ಟು ಇಲ್ಲಿ ಊರಿಗೂರೇ ಆಡುವ ಆಟವಾಗಿದೆ.

1968ರಲ್ಲಿ ಗ್ಯಾರೆಟ್ ಹಾರ್ಡಿನ್ ಹಂಚಿಕೊಂಡ ಆಸ್ತಿ ಹಾಳಾಗಿಯೇ ತೀರುತ್ತದೆ ಎಂದು ಬರೆದರು. ಎಲಿನಾರ್ ಆಸ್ಟ್ರಮ್ ಅದನ್ನು ಒಪ್ಪಲಿಲ್ಲ. ಲೋಕದ ಹಲವು ಕಡೆ ಕಾಲುವೆ, ಕಾಡು, ಮೀನುಗಾರಿಕೆಗಳನ್ನು ಜನರೇ ಕಟ್ಟುಪಾಡು ಮಾಡಿಕೊಂಡು, ಅದಕ್ಕೆ ಕಾವಲೂ ಇಟ್ಟು ಕಾಪಾಡಿದ್ದನ್ನು 1990ರ ಪುಸ್ತಕದಲ್ಲಿ ತೋರಿಸಿದರು. ಪ್ರಯೋಗಾಲಯದ ಆಟಗಳಲ್ಲೂ ಪರೀಕ್ಷಿಸಿದರು. ಆಟಗಾರರಿಗೆ ಮಾತಾಡಲು ಬಿಟ್ಟರೆ ಸಹಕಾರ ಹೆಚ್ಚುತ್ತಿತ್ತು. 2009ರಲ್ಲಿ ಅವರಿಗೆ ನೊಬೆಲ್ ಬಂದಾಗ ಅರ್ಥಶಾಸ್ತ್ರದಲ್ಲಿ ಅದನ್ನು ಪಡೆದ ಮೊದಲ ಮಹಿಳೆ ಅವರೇ. ಹಳೇ ಮೈಸೂರಿನ ಕೆರೆಗಳ ನೀರುಗಂಟಿ ಅವರು ಹೇಳಿದ ಕಾವಲಿಗೆ ತಕ್ಕ ಮಾದರಿ. ತೂಬು ಎತ್ತುವುದು, ಗದ್ದೆಯಿಂದ ಗದ್ದೆಗೆ ನೀರು ತಿರುಗಿಸುವುದು ಅವನ ಕೆಲಸವಾಗಿತ್ತು, ಸಂಬಳ ಊರವರು ಕೊಡುತ್ತಿದ್ದ ಕಾಳು. ಕೆರೆಯ ನೀರು ಎಲ್ಲರ ಕಣ್ಣಿಗೂ ಕಾಣುತ್ತಿತ್ತು. ಕೊಳವೆಬಾವಿಯ ನೀರು ಯಾರ ಕಣ್ಣಿಗೂ ಕಾಣದು, ಅದಕ್ಕೆ ನೀರುಗಂಟಿಯೂ ಇಲ್ಲ.

ಕಾಣದ ನೀರನ್ನು ಕಾಣಿಸಲು 2013ರಲ್ಲಿ ಆಂಧ್ರಪ್ರದೇಶದ ಹಳ್ಳಿಗಳಲ್ಲಿ ಒಂದು ಪ್ರಯತ್ನ ನಡೆಯಿತು. ಫೌಂಡೇಶನ್ ಫಾರ್ ಇಕಾಲಾಜಿಕಲ್ ಸೆಕ್ಯುರಿಟಿ ಎಂಬ ಸಂಸ್ಥೆ ರೂತ್ ಮೈನ್‌ಜೆನ್-ಡಿಕ್ ಮೊದಲಾದ ಸಂಶೋಧಕರ ಜೊತೆಗೂಡಿ ರೈತರಿಗೆ ಅಂತರ್ಜಲದ ಆಟ ಆಡಿಸಿತು. ಐದೈದು ಜನರ ಗುಂಪು. ಪ್ರತಿ ಸುತ್ತಿನಲ್ಲೂ ಹೆಚ್ಚು ನೀರಿನ ಬೆಳೆಯೋ ಕಡಿಮೆ ನೀರಿನ ಬೆಳೆಯೋ ಆರಿಸಬೇಕು. ಎಲ್ಲರ ಆಯ್ಕೆ ಕೂಡಿಸಿ ನೆಲದಡಿಯ ನೀರು ಎಷ್ಟು ಇಳಿಯಿತೆಂದು ತೋರಿಸುತ್ತಾರೆ. ಮೊದಲ ಸುತ್ತುಗಳಲ್ಲಿ ಮಾತಿಲ್ಲ, ನಂತರ ಮಾತಿಗೆ ಅವಕಾಶ, ಕೊನೆಗೆ ಊರವರೆಲ್ಲ ಕೂತು ಚರ್ಚೆ. ಆಡಿದ ಊರುಗಳಲ್ಲಿ ನೀರಿನ ಲೆಕ್ಕದ ಪುಸ್ತಕ ಇಡುವುದು, ಅಂತರ್ಜಲಕ್ಕೆ ಕಟ್ಟುಪಾಡು ಮಾಡಿಕೊಳ್ಳುವುದು ಉಳಿದ ಊರುಗಳಿಗಿಂತ ಹೆಚ್ಚಾಗಿತ್ತೆಂದು ಮರುಭೇಟಿಯಲ್ಲಿ ಕಂಡುಬಂತು.

ಮಾಗಡಿಯ, ಕನಕಪುರದ ಗ್ರಾಮ ಪಂಚಾಯಿತಿಗಳಿಗೆ ಇದು ಭಾರವಾದ ಕೆಲಸವಲ್ಲ. ಒಂದು ಜಗಲಿ, ಚನ್ನಪಟ್ಟಣದ ನಾಲ್ಕು ಹಿಡಿ ಬಣ್ಣದ ಕಾಯಿ, ಆ ಊರಿನದೇ ಕೊಳವೆಬಾವಿಗಳ ಆಳದ ಲೆಕ್ಕ ಇದ್ದರೆ ಸಾಕು. ರಾಗಿಗೆ, ಹಿಪ್ಪುನೇರಳೆಗೆ, ತೆಂಗಿಗೆ ಎಷ್ಟೆಷ್ಟು ನೀರೆಂದು ರೈತರೇ ಹೇಳಬಲ್ಲರು. ಹೊಲ ನೋಡಿಕೊಳ್ಳುವ ಹೆಂಗಸರು ಆ ಜಗಲಿಯಲ್ಲಿ ಕಾಯಿ ಹಿಡಿದು ಕೂರಬೇಕು, ಬರೀ ನೋಡಲು ನಿಲ್ಲಬಾರದು. ಬೇಸಿಗೆಯ ಬೆಳೆ ಇಡುವ ಮುನ್ನ, ಕಾರ್ತಿಕ ಕಳೆದ ಮೇಲೆ ನಡೆಯುವ ಗ್ರಾಮಸಭೆಯಲ್ಲಿ ಇದನ್ನು ಆಡಿಸಿದರೆ, ಆಡಿ ಎದ್ದವರು ಅದೇ ಸಭೆಯಲ್ಲಿ ಆ ವರ್ಷದ ಕಟ್ಟುಪಾಡನ್ನು ಬರೆಸಿಕೊಳ್ಳಬಹುದು.