ಇವರು ಬಿಟ್ಟಿ ಪ್ರಯಾಣಿಕರೇ?

(ಕೃಷಿ ಕೂಲಿಕಾರರ ಸಭೆಯಲ್ಲಿ ಮಾಡಿದ ಭಾಷಣ)



ನಾಟಿಯ ಕಾಲ ಬಂತೆಂದರೆ ನಿಮ್ಮಲ್ಲಿ ಅನೇಕರು ಬೆಳಕು ಹರಿಯುವ ಮುಂಚೆಯೇ ಲಾರಿ, ಟೆಂಪೊಗಳ ಹಿಂಬದಿ ಹತ್ತಿ ಕೂಲಿಗೆ ಹೊರಡುತ್ತೀರಿ. ಆ ಹೊತ್ತಿನಲ್ಲಿ ಬಸ್ಸಿಲ್ಲ; ಇದ್ದರೂ ಗದ್ದೆಯ ತನಕ ಬರುವುದಿಲ್ಲ. ಆ ಗಾಡಿ ಮಗುಚಿ ನಿಮ್ಮ ಕಾಲು ಮುರಿದರೆ ಪರಿಹಾರ ಕೊಡುವವರು ಯಾರು? ಇಂದು ಇದೊಂದನ್ನೇ ವಿಚಾರ ಮಾಡೋಣ.

ವಿಮೆಯಿಲ್ಲದೆ ಮೋಟಾರು ವಾಹನವನ್ನು ರಸ್ತೆಗೆ ಇಳಿಸಕೂಡದೆಂಬ ತತ್ತ್ವ 1939ರ ಕಾಯಿದೆಯಲ್ಲೇ ಇತ್ತು; 1988ರ ಕಾಯಿದೆ ಅದನ್ನು ಮುಂದುವರಿಸಿತು. ಮಾಲೀಕನಲ್ಲಿ ದುಡ್ಡಿಲ್ಲವೆಂದು ಗಾಯಾಳು ಬರಿಗೈಯಲ್ಲಿ ಹಿಂತಿರುಗಬಾರದು, ಇದೇ ಅದರ ಉದ್ದೇಶ. ದಾರಿಹೋಕನಿಗೆ ಈ ರಕ್ಷಣೆ ಉಂಟು. ಬಸ್ಸಿನ ಪ್ರಯಾಣಿಕನಿಗೆ ಉಂಟು. 1994ರ ತಿದ್ದುಪಡಿಯಿಂದ, ಸರಕಿನೊಡನೆ ಲಾರಿಯಲ್ಲಿ ಹೋಗುವ ಸರಕಿನ ಒಡೆಯನಿಗೂ ಅವನ ಪ್ರತಿನಿಧಿಗೂ ಉಂಟು. ಅದೇ ಲಾರಿಯಲ್ಲಿ ಕುಳಿತ ಕೂಲಿಕಾರನಿಗೆ?

ಹಣ ಕೊಡದೆ ಲಾರಿ ಹತ್ತಿದವನಿಗೂ ವಿಮೆಯ ರಕ್ಷಣೆ ಸಲ್ಲುತ್ತದೆಂದು ಸುಪ್ರೀಂ ಕೋರ್ಟು 1999ರಲ್ಲಿ ಹೇಳಿತು. 2002ರ ಡಿಸೆಂಬರಿನಲ್ಲಿ ಅದೇ ನ್ಯಾಯಾಲಯ ಆ ತೀರ್ಪನ್ನು ರದ್ದುಮಾಡಿತು. 2022ರ ಏಪ್ರಿಲ್ 1ರಂದು ಜಾರಿಗೆ ಬಂದ 2019ರ ತಿದ್ದುಪಡಿಯಂತೂ ಸಾಗಣೆ ವಾಹನಗಳ ಪ್ರಯಾಣಿಕರನ್ನು ವಿಮೆಯೊಳಗೆ ಸೇರಿಸಿ, ಸರಕು ವಾಹನದ ಬಿಟ್ಟಿ ಪ್ರಯಾಣಿಕರನ್ನು ಮಾತ್ರ ಸ್ಪಷ್ಟವಾಗಿ ಹೊರಗಿಟ್ಟಿತು.

ಬಿಟ್ಟಿ! ನಮ್ಮ ಹಳ್ಳಿಗಳಲ್ಲಿ ಕೂಲಿ ಕೊಡದೆ ದುಡಿಸಿಕೊಳ್ಳುವುದಕ್ಕೆ ಬಿಟ್ಟಿ ಎನ್ನುತ್ತಿದ್ದರು. ಈಗ ದುಡಿಯಲು ಹೊರಟವನೇ ಬಿಟ್ಟಿ ಪ್ರಯಾಣಿಕನಾದನು. ಅವನೇನು ವಿಹಾರಕ್ಕೆ ಹೊರಟಿದ್ದನೇ?

ಸರಕಿನ ಗಾಡಿ ಜನರನ್ನು ಒಯ್ಯುವುದಕ್ಕಲ್ಲ, ಅವರಿಗಾಗಿ ನಾವು ಪ್ರೀಮಿಯಂ ಪಡೆದಿಲ್ಲ ಎಂದು ವಿಮಾ ಕಂಪೆನಿಗಳು ಹೇಳುತ್ತವೆ. ಮಾತು ಸುಳ್ಳಲ್ಲ. ಆದರೆ ಪ್ರೀಮಿಯಂ ಕಟ್ಟುವವನು ಮಾಲೀಕ. ಜನರನ್ನು ತುಂಬುವವನು ಗುತ್ತಿಗೆದಾರ. ಅವರ ತಪ್ಪಿಗೆ ದಂಡ ತೆರುವವನು ಕಾಲು ಕಳೆದುಕೊಂಡವನೇ?

ಇದಕ್ಕೆ ದಾರಿಯಿಲ್ಲದಿಲ್ಲ. ಇಂಥ ಕೆಲವು ಪ್ರಕರಣಗಳಲ್ಲಿ, 2004ರಲ್ಲಿ ಮತ್ತು 2017ರಲ್ಲಿ, ಸುಪ್ರೀಂ ಕೋರ್ಟೇ ಅದನ್ನು ತೋರಿಸಿತು: ಕಂಪೆನಿ ಮೊದಲು ಗಾಯಾಳುವಿಗೆ ಅಥವಾ ಸತ್ತವನ ಕುಟುಂಬಕ್ಕೆ ಹಣ ಕೊಡಲಿ, ಬಳಿಕ ಮಾಲೀಕನಿಂದ ವಸೂಲು ಮಾಡಿಕೊಳ್ಳಲಿ. ವಸೂಲಿಯ ಶಕ್ತಿ ಕಂಪೆನಿಗೆ ಉಂಟು. ಆಸ್ಪತ್ರೆಯಲ್ಲಿ ಮಲಗಿದವನಿಗೆ ಇಲ್ಲ. ಆದರೆ ಇದು ಕಾಯಿದೆಯ ಮಾತಲ್ಲ. ಪ್ರಕರಣ ನೋಡಿ ನ್ಯಾಯಾಧೀಶರು ಕೊಡುವ ಆದೇಶ. ಹಕ್ಕಾಗಿ ಬರಬೇಕಾದದ್ದು ಕೃಪೆಯಾಗಿ ಬರುತ್ತಿದೆ.

ಆದ್ದರಿಂದ ನಮ್ಮ ಬೇಡಿಕೆ ಎರಡು. ಮೊದಲು ಕೊಟ್ಟು ಆಮೇಲೆ ವಸೂಲು ಮಾಡುವ ಕ್ರಮವನ್ನು ಸಂಸತ್ತು ಕಾಯಿದೆಯಲ್ಲೇ ಬರೆಯಲಿ. ಕೂಲಿಯ ಕಾಲದಲ್ಲಿ ಸರಕಾರ ಹೊತ್ತಿಗೆ ಸರಿಯಾಗಿ ಹಳ್ಳಿಗಳಿಗೆ ಬಸ್ಸು ಬಿಡಲಿ.

ಅಲ್ಲಿಯವರೆಗೆ ಒಂದು ಮಾತು ನೆನಪಿಡಿ. ಅಪಘಾತವಾದರೆ, ಯಾರ ಕೆಲಸಕ್ಕೆ ಹೊರಟಿದ್ದಿರಿ, ಯಾರು ಗಾಡಿ ಹತ್ತಿಸಿದರು ಎಂಬುದು ಪೊಲೀಸರ ದೂರಿನಲ್ಲಿ ಇದ್ದದ್ದು ಇದ್ದ ಹಾಗೆ ದಾಖಲಾಗಲಿ. ಗಾಡಿಯ ಮಾಲೀಕನೇ ನಿಮ್ಮನ್ನು ಕೂಲಿಗೆ ಹಚ್ಚಿದವನಾಗಿದ್ದರೆ ನೀವು ಬಿಟ್ಟಿಯವರಲ್ಲ, ಅವನ ನೌಕರರು. ನೌಕರರ ಪರಿಹಾರದ ಕಾನೂನು ನಿಮ್ಮ ಪಾಲಿಗೆ ಇದೆ. ಓದದ ಕಾಗದಕ್ಕೆ ಹೆಬ್ಬೆಟ್ಟು ಒತ್ತಬೇಡಿ.